ಮ್ಯಾಡ್ರಿಡ್‌ನ 'ಸಿನೆ ದೊರೆ' ಥಿಯೇಟರ್‌ನಲ್ಲಿ ಕೆರೆಹೆತಾ ಸಿನಿಮಾ

ಸಾಂತಾ ಇಸಬೆಲ್ ರಸ್ತೆಯ ಈ ಹಳೇ ಥಿಯೇಟರ್‌ನಲ್ಲಿ ಸ್ಪೇನ್‌ನ ಸರ್ಕಾರಿ ಚಲನಚಿತ್ರ ಸಂಗ್ರಹಾಲಯ ಫಿಲ್ಮೋತೆಕಾ ಸಿನಿಮಾ ತೋರಿಸುತ್ತದೆ. ಟಿಕೆಟ್ ಕಾಫಿಯಷ್ಟೇ ಅಗ್ಗ. ನಾನು ನೋಡಿದ್ದು 1966ರ 'ಲಾ ಕಾಥಾ' (ಅಂದರೆ ಬೇಟೆ). ನಿರ್ದೇಶನ ಕಾರ್ಲೋಸ್ ಸೌರಾ, ಆದರೆ ನಾನು ಹೋಗಿದ್ದು ನಿರ್ಮಾಪಕ ಎಲಿಯಾಸ್ ಕೆರೆಹೆತಾಗಾಗಿ.

ರಿಯಲ್ ಸೊಸಿಯೆದಾದ್ ತಂಡದಲ್ಲಿ ಫುಟ್‌ಬಾಲ್ ಆಡುತ್ತಿದ್ದವರು ಅವರು. ಕಿರುಚಿತ್ರಗಳನ್ನು ನಿರ್ದೇಶಿಸಿ, ಆಮೇಲೆ ನಿರ್ಮಾಣಕ್ಕೆ ಬಂದರು. ನಿರ್ದೇಶಕ ವಿಕ್ತೋರ್ ಎರಿಸೆಯ ಮೊದಲ ಚಿತ್ರಕ್ಕೂ ಇವರೇ ಬೆನ್ನೆಲುಬು.

'ಲಾ ಕಾಥಾ' ಮೊಲದ ಬೇಟೆಗೆ ಹೋದ ಹಳೇ ಗೆಳೆಯರ ಕಥೆ. ಬಿರುಬಿಸಿಲು, ಕಪ್ಪು-ಬಿಳುಪು. ಸರ್ವಾಧಿಕಾರಿ ಫ್ರಾಂಕೊ ಕಾಲದ ಸೆನ್ಸಾರ್ ಇದ್ದರೂ ಸ್ಪೇನ್‌ನ ಅಂತರ್ಯುದ್ಧದ ಗಾಯವನ್ನು ಒಳಗೇ ಬಚ್ಚಿಟ್ಟು ತೋರಿಸಿದ್ದಾರೆ. ಅಂಥ ಚಿತ್ರಕ್ಕೆ ಹಣ ಹಾಕಲು ಎಷ್ಟು ಧೈರ್ಯ ಬೇಕು, ಅಲ್ವಾ? ದೊಡ್ಡ ಪರದೆಯಲ್ಲಿ ಬೆವರಿನ ಹನಿಯೂ ಕಾಣಿಸಿತು. ಕೊನೆಯ ಗುಂಡಿನ ಸದ್ದಿಗೆ ಪಕ್ಕದ ಅಜ್ಜಿ ನನ್ನ ಕೈ ಹಿಡಿದುಬಿಟ್ಟರು.