ಶಾಲೆ ಒಳಗಿನ ಕರಾಳ ಕಾಮಿಡಿ ಗೇಮ್‌ಗಳು: ಕಿಂಡರ್‌ಗಾರ್ಟನ್, ಹಾರ್ವೀಸ್ ನ್ಯೂ ಐಸ್, ಡಾಂಗನ್‌ರೋನ್ಪಾ, ಬುಲ್ಲಿ ನಾಲ್ಕೂ ಆಡಿದ ಮೇಲೆ

ಮೊದ್ಲೇ ಹೇಳ್ಬಿಡ್ತೀನಿ, ನಾಲ್ಕರಲ್ಲಿ ಒಂದನ್ನೇ ಆಡೋಕೆ ಪುರುಸೊತ್ತು ಇರೋದು ಅಂದ್ರೆ ಕಿಂಡರ್‌ಗಾರ್ಟನ್ ಆಡಿ, ಮಿಕ್ಕಿದ್ದು ಆಮೇಲೆ ನೋಡ್ಕೊಳ್ಳಿ. ಆದ್ರೆ ನಾಲ್ಕೂ ಒಂದೇ ಥರ ಅಂದ್ಕೊಂಡು ಕೂತ್ಕೊಂಡ್ರೆ ಬೇಜಾರಾಗುತ್ತೆ. ಎಲ್ಲದರಲ್ಲೂ ಶಾಲೆ ಇದೆ, ಎಲ್ಲದರಲ್ಲೂ ದೊಡ್ಡೋರು ಅನ್ನಿಸಿಕೊಂಡೋರು ನಾಲಾಯಕ್ಕು, ಎಲ್ಲದರಲ್ಲೂ ಮಕ್ಕಳ ಪಾಡು ಕೇಳೋರಿಲ್ಲ. ನಗು ಎಲ್ಲಿಂದ ಬರುತ್ತೆ ಅನ್ನೋದು ಮಾತ್ರ ಒಂದೊಂದರಲ್ಲಿ ಒಂದೊಂದು ಥರ. ನಾಲ್ಕೂ ಮುಗಿಸಿದ ಮೇಲೆ ನನಗನ್ಸಿದ್ದು ಇಷ್ಟು: ಗೇಮಲ್ಲಿ ಯಾರಾದ್ರೂ ಸತ್ರೆ ಅದಷ್ಟಕ್ಕೇ ನಗು ಬರಲ್ಲ, ಸತ್ತ ಮೇಲೆ ಪಕ್ಕದಲ್ಲಿ ನಿಂತಿರೋ ಟೀಚರ್ ಏನ್ ಮಾಡ್ತಾರೆ ನೋಡಿ, ಅಲ್ಲಿ ಬರುತ್ತೆ. ಅದಕ್ಕೇ ಗ್ರಾಫಿಕ್ಸ್‌ಗೆ ಇಷ್ಟು ಸೌಂಡ್‌ಗೆ ಇಷ್ಟು ಅಂತ ಮಾರ್ಕ್ಸ್ ಹಾಕೋಕೆ ಹೋಗಲ್ಲ, ದೊಡ್ಡೋರು ಏನ್ ಮಾಡ್ತಾರೆ, ನಮ್ಮ ಕೈಲಿ ಏನೇನ್ ಮಾಡಿಸ್ತಾರೆ, ಅದನ್ನೇ ಇಟ್ಕೊಂಡು ನೋಡ್ತೀನಿ. ಕಥೆಯ ಕೊನೆ ಎಲ್ಲೂ ಬಿಟ್ಕೊಡಲ್ಲ, ಧೈರ್ಯವಾಗಿ ಓದಿ.

ಕಿಂಡರ್‌ಗಾರ್ಟನ್ ಬಂದಿದ್ದು 2017ರಲ್ಲಿ, ಕಾನ್ ಮ್ಯಾನ್ ಗೇಮ್ಸ್ ಅನ್ನೋ ಚಿಕ್ಕ ಟೀಮ್ ಮಾಡಿದ್ದು. ನೋಡೋಕೆ ಪಿಕ್ಸೆಲ್ ಗೊಂಬೆಗಳು, ದೊಡ್ಡ ತಲೆ, ಪುಟ್ಟ ಕೈಕಾಲು, ಯಾರಾದ್ರೂ ಪಕ್ಕದಿಂದ ನೋಡಿದ್ರೆ ಮಕ್ಕಳ ಗೇಮ್ ಅಂತಾನೇ ಅಂದ್ಕೋತಾರೆ. ಸೋಮವಾರ ಬೆಳಗ್ಗೆ, ನೀವೊಬ್ಬ ಪುಟ್ಟ ಹುಡುಗ, ಶಾಲೆಗೆ ಹೋಗ್ತೀರ. ಶಾಲೆಯಲ್ಲಿ ಮಕ್ಕಳು ಕಾಣೆಯಾಗ್ತಾ ಇದಾರೆ, ಅದರ ಬಗ್ಗೆ ಯಾರಿಗೂ ಅಷ್ಟೇನು ತಲೆಬಿಸಿ ಇಲ್ಲ. ಲಿಲಿ ಅಂತ ಒಬ್ಬಳು ಹುಡುಗಿ ತನ್ನ ಅವಳಿ ಸೋದರ ಬಿಲ್ಲಿ ಎಲ್ಲಿ ಹೋದ ಅಂತ ಹುಡುಕ್ತಾ ಇದಾಳೆ, ಅವಳೊಬ್ಬಳಿಗೇ ಚಿಂತೆ. ನಗ್ಗೆಟ್ ಅನ್ನೋ ಹುಡುಗ ತನ್ನನ್ನೇ ಬೇರೆ ಯಾರೋ ಅನ್ನೋ ಹಾಗೆ ಮಾತಾಡ್ತಾನೆ, "ನಗ್ಗೆಟ್‌ಗೆ ಇದು ಇಷ್ಟ ಆಗ್ಲಿಲ್ಲ" ಅನ್ನೋ ಥರ, ಆಟದ ಮೈದಾನದಲ್ಲಿ ಅವನದೇ ಒಂದು ಗುಂಡಿ ಬೇರೆ ಇದೆ, ಅದರ ಹತ್ರ ಹೋಗೋವಾಗ ಹುಷಾರು. ಮಾಂಟಿ ಅನ್ನೋನು ಆ ವಯಸ್ಸಿಗೇ ಪಕ್ಕಾ ವ್ಯಾಪಾರಿ, ಏನು ಬೇಕಾದ್ರೂ ಮಾರ್ತಾನೆ. ಸಿಂಡಿಗೆ ಬಾಯ್‌ಫ್ರೆಂಡ್ ಬೇಕು, ಒಪ್ಕೊಂಡ್ರೂ ಕಷ್ಟ, ಒಲ್ಲೆ ಅಂದ್ರೂ ಕಷ್ಟ. ಬಗ್ಸ್ ಅನ್ನೋನು ರೌಡಿ, ಜೆರೋಮ್ ಪ್ರಿನ್ಸಿಪಾಲ್ ಮಗ.

ಇನ್ನು ಆಟ ಹೇಗಿದೆ ಅಂದ್ರೆ, ದಿನಾನ ಪೀರಿಯಡ್‌ಗಳಾಗಿ ಹಂಚಿದಾರೆ, ಬೆಳಗಿನ ಕ್ಲಾಸು, ಊಟ, ರೀಸೆಸ್ಸು ಅಂದ್ರೆ ಆಟದ ಬಿಡುವು, ಕೊನೆಗೆ ಮನೆಯಿಂದ ತಂದಿದ್ದನ್ನ ತೋರಿಸೋ ಪೀರಿಯಡ್. ಒಂದೊಂದರಲ್ಲೂ ಮಾಡೋಕಾಗೋ ಕೆಲಸ ಇಂತಿಷ್ಟೇ. ಒಬ್ಬನ ಹತ್ರ ಮಾತಾಡ್ತಾ ಕೂತ್ರೆ ಇನ್ನೊಬ್ಬನ ಹತ್ರ ಹೋಗೋಕಾಗಲ್ಲ. ಸತ್ರೆ? ಮತ್ತೆ ಸೋಮವಾರ. ದಿನ ಪೂರ್ತಿ ಮುಗಿಸಿ ಮನೆಗೆ ಹೋದ್ರೂ ಮತ್ತೆ ಸೋಮವಾರವೇ. ಸಿಕ್ಕಿರೋ ದುಡ್ಡು, ಗೇಮಲ್ಲಿ ಅಲ್ಲಲ್ಲಿ ಕೂಡಿಹಾಕೋ ಮಾನ್‌ಸ್ಟರ್‌ಮಾನ್ ಅನ್ನೋ ಆಟದ ಕಾರ್ಡುಗಳು, ಒಬ್ಬೊಬ್ಬ ಹುಡುಗನ ಕೆಲಸ ಪೂರ್ತಿ ಮಾಡ್ಕೊಟ್ಟಾಗ ಸಿಗೋ ಸಾಮಾನು, ಇವು ಮಾತ್ರ ಉಳಿಯುತ್ತೆ, ಆ ಸಾಮಾನು ಇಟ್ಕೊಂಡೇ ಇನ್ನೊಬ್ಬನ ಕಥೆಯ ಬಾಗಿಲು ತೆಗೀಬೇಕು.

ಇದರಲ್ಲಿ ಬರವಣಿಗೆಗಿಂತ ಈ ವ್ಯವಸ್ಥೆಯೇ ದೊಡ್ಡ ಜೋಕು ನನ್ನ ಪ್ರಕಾರ. ಮೊದಲ ಸಲ ಯಾರಾದ್ರೂ ಸತ್ತಾಗ ಅಯ್ಯೋ ಅನ್ಸುತ್ತೆ. ಆಮೇಲಾಮೇಲೆ ನೀವೇ ಲೆಕ್ಕ ಹಾಕೋಕೆ ಶುರು ಮಾಡ್ತೀರ, ಇವನನ್ನ ಇಲ್ಲಿ ಸಿಕ್ಕಿಹಾಕಿಸಿದ್ರೆ ಟೀಚರ್ ಆ ಕಡೆ ಹೋಗ್ತಾರೆ, ಆಗ ನಾನು ಈ ಕಡೆ ನುಗ್ಗಬಹುದು, ಹೇಗೂ ನಾಳೆ ಮತ್ತೆ ಎಲ್ಲರೂ ಬರ್ತಾರಲ್ಲ ಅಂತ. ಅಲ್ಲಿಗೆ ಆ ಶಾಲೆಯ ದೊಡ್ಡೋರಿಗೂ ನಮಗೂ ಏನೂ ವ್ಯತ್ಯಾಸ ಇಲ್ಲ! ಟೀಚರ್ ಆಪಲ್‌ಗೇಟ್‌ಗೆ ಪೀರಿಯಡ್ ಮುಗಿದ್ರೆ ಸಾಕು, ಶಾಲೆ ಗುಡಿಸಿ ಒರೆಸೋ ಜಾನಿಟರ್‌ಗೆ ಮಕ್ಕಳನ್ನ ಕಂಡ್ರೆ ಆಗಲ್ಲ, ಪ್ರಿನ್ಸಿಪಾಲ್ ರೂಮಿಗೆ ಕಳಿಸಿದ್ರು ಅಂದ್ರೆ ಬಹಳ ಸಲ ಆ ದಿನದ ಕಥೆ ಅಲ್ಲಿಗೇ ಮುಗೀತು. ನೀವೂ ಒಂದು ವಸ್ತು ಸಿಗುತ್ತೆ ಅಂತ ಪಕ್ಕದ ಬೆಂಚಿನೋನನ್ನ ಬಲಿ ಕೊಡ್ತೀರ. ಗೇಮ್ ಎಲ್ಲೂ ನಿಲ್ಲಿಸಿ ಬುದ್ಧಿ ಹೇಳಲ್ಲ, ಅದು ಹೇಳದೆ ಇರೋದೇ ಚೆನ್ನಾಗಿದೆ.

ತೊಂದರೆ ಇಲ್ವಾ ಅಂದ್ರೆ ಇದೆ. ಸರಿಯಾದ ದಾರಿ ಗೊತ್ತಾಗಿ ಕೊನೆ ಪೀರಿಯಡ್‌ನಲ್ಲಿ ಒಂದು ಉತ್ತರ ತಪ್ಪಿದ್ರೆ ಬೆಳಗ್ಗೆಯಿಂದ ಅದೇ ಮಾತು ಅದೇ ಕ್ಲಿಕ್ಕು ಮತ್ತೆ ಮಾಡ್ಬೇಕು, ಡೈಲಾಗ್ ಬೇಗ ಬೇಗ ಒತ್ತಿ ಮುಂದೆ ಹೋಗ್ತಾ ಇರೋವಾಗ ಜೋಕ್ ಎಲ್ಲಾ ಸವೆದು ಹೋಗಿರುತ್ತೆ. 2019ರಲ್ಲಿ ಬಂದ ಎರಡನೇ ಭಾಗ ಮಂಗಳವಾರದ್ದು, ಹೊಸ ಶಾಲೆ, ಹಳಬರಲ್ಲಿ ಕೆಲವರು, ಕಾರ್ಲಾ, ಓಝಿ, ಪೆನ್ನಿ, ಫೀಲಿಕ್ಸ್, ಟೆಡ್ ಅಂತ ಹೊಸಬರು. ಜಾಗ ದೊಡ್ಡದಾಗಿದೆ, ಒಂದೊಂದು ಹುಡುಗನ ಕಥೆಯೂ ಇನ್ನೂ ಬಿಗಿಯಾಗಿದೆ, ಫೀಲಿಕ್ಸ್ ಟೆಡ್ ಅಣ್ಣತಮ್ಮಂದಿರ ಕಥೆಯಂತೂ ಮೊದಲ ಭಾಗದ ಯಾವುದಕ್ಕಿಂತಲೂ ಕರಾಳ. ಆದ್ರೂ ನನಗೆ ಮೊದಲನೇದೇ ಒಂದು ಕೈ ಮೇಲೆ, ಯಾಕಂದ್ರೆ ಎರಡನೇದು ಆಡೋ ಹೊತ್ತಿಗೆ ಯಾರನ್ನೂ ನಂಬಬಾರದು ಅಂತ ಗೊತ್ತಿರುತ್ತೆ, ಆ ಮೊದಲ ಶಾಕ್ ಎರಡನೇ ಸಲ ಎಲ್ಲಿಂದ ತರ್ತಾರೆ ಪಾಪ.

ಇದಕ್ಕೆ ಪೂರ್ತಿ ಉಲ್ಟಾ ಅಂದ್ರೆ ಹಾರ್ವೀಸ್ ನ್ಯೂ ಐಸ್. ಜರ್ಮನಿಯ ಹ್ಯಾಂಬರ್ಗ್‌ನ ಡೆಡಾಲಿಕ್ ಕಂಪನಿದು, ಜರ್ಮನ್‌ನಲ್ಲಿ 2011ಕ್ಕೆ ಬಂತು, ಇಂಗ್ಲಿಷ್‌ನಲ್ಲಿ ಮರುವರ್ಷ. ಹಳೇ ಕಾಲದ ಪಾಯಿಂಟ್ ಅಂಡ್ ಕ್ಲಿಕ್ ಅಡ್ವೆಂಚರ್, ಅಂದ್ರೆ ಮೌಸಲ್ಲಿ ಅಲ್ಲಲ್ಲಿ ಕ್ಲಿಕ್ ಮಾಡಿ ವಸ್ತು ಹುಡುಕಿ ಪಜಲ್ ಬಿಡಿಸೋ ಗೇಮು, ಇದಕ್ಕೂ ಮುಂಚೆ ಎಡ್ನಾ ಅಂಡ್ ಹಾರ್ವಿ ಅಂತ ಒಂದು ಬಂದಿತ್ತು, ಅದನ್ನ ಆಡದೆ ಇದ್ರೂ ಅರ್ಥ ಆಗುತ್ತೆ. ಲಿಲ್ಲಿ ಅನ್ನೋ ಹುಡುಗಿ ಕಾನ್ವೆಂಟ್ ಬೋರ್ಡಿಂಗ್‌ನಲ್ಲಿ ಇದಾಳೆ. ಇವಳಷ್ಟು ವಿಧೇಯ ಹುಡುಗಿ ಭೂಮಿ ಮೇಲಿಲ್ಲ. ಕಾನ್ವೆಂಟ್ ನಡೆಸೋ ಮದರ್ ಸುಪೀರಿಯರ್ ಹೇಳಿದ ಕೆಲಸ ಒಂದೂ ಬಿಡದೆ ಮಾಡ್ತಾಳೆ, ಆ ಕೆಲಸ ಮುಗಿಯೋ ಹೊತ್ತಿಗೆ ಹೇಗೋ ಏನೋ ಒಬ್ಬ ಸಹಪಾಠಿ ಕಮ್ಮಿ ಆಗಿರ್ತಾನೆ. ಆಗ ಪುಟ್ಟ ಪುಟ್ಟ ಕುಳ್ಳರು ಬಂದು ಆ ಜಾಗಕ್ಕೆಲ್ಲಾ ಗುಲಾಬಿ ಬಣ್ಣ ಬಳಿದು ಹೋಗ್ತಾರೆ. ರಕ್ತ ಇಲ್ಲ, ಹೆಣ ಇಲ್ಲ, ಬರೀ ಗುಲಾಬಿ. ಲಿಲ್ಲಿ ಅದನ್ನೇ ನೋಡೋದು, ಅವಳ ಕಣ್ಣಿಗೆ ಬಿದ್ದಿದ್ದೇ ನಮಗೂ ಕಾಣೋದು.

ಲಿಲ್ಲಿ ಮಾತಾಡಲ್ಲ. ಮಾತಾಡೋಕೆ ಬಿಡಲ್ಲ ಅಂದ್ರೆ ಸರಿ, ಬಾಯಿ ತೆಗೆದು ಏನೋ ಅನ್ನೋಷ್ಟರಲ್ಲಿ ಎದುರಿಗಿರೋರು ತಮ್ಮ ಮಾತು ಶುರು ಮಾಡಿರ್ತಾರೆ. ಅವಳ ಪರವಾಗಿ ಕಥೆ ಹೇಳೋ ಧ್ವನಿಯೊಂದಿದೆ, ಮಲಗೋ ಮುಂಚೆ ಮಕ್ಕಳಿಗೆ ಕಥೆ ಹೇಳೋ ಅಜ್ಜನ ಥರ ಅಷ್ಟು ಪ್ರೀತಿಯಿಂದ ಹೇಳ್ತಾ ಹೋಗುತ್ತೆ, ಹೇಳ್ತಿರೋದು ಮಾತ್ರ ಘೋರ. ಇಲ್ಲೂ ದೊಡ್ಡೋರು ಕೆಟ್ಟೋರೇ, ಆದ್ರೆ ಕಿಂಡರ್‌ಗಾರ್ಟನ್‌ನ ಥರ ಬೇಜವಾಬ್ದಾರಿ ಅಲ್ಲ, ಇವರಿಗೆ ಶಿಸ್ತಿನ ಹುಚ್ಚು. ಡಾಕ್ಟರ್ ಮಾರ್ಸೆಲ್ ಅನ್ನೋನು ಹಾರ್ವಿ ಅನ್ನೋ ಬಟ್ಟೆ ಮೊಲದ ಗೊಂಬೆ ಇಟ್ಕೊಂಡು ಮಕ್ಕಳಿಗೆ ಹಿಪ್ನಾಟಿಸಂ ಮಾಡಿ, ಸುಳ್ಳು ಹೇಳಬಾರದು, ಬೆಂಕಿ ಜೊತೆ ಆಡಬಾರದು, ದೊಡ್ಡೋರಿಗೆ ಎದುರುತ್ತರ ಕೊಡಬಾರದು ಅಂತ ತಲೆ ಒಳಗೇ ಬೀಗ ಹಾಕ್ತಾನೆ. ಆ ನಿಷೇಧಗಳೇ ಪಜಲ್! ಬೆಂಕಿ ಹಚ್ಚಬೇಕಾದ ಜಾಗದಲ್ಲಿ ಲಿಲ್ಲಿಗೆ ಹಚ್ಚೋಕಾಗಲ್ಲ, ಅವಳ ಮನಸ್ಸಿನ ಒಳಗಿನ ಲೋಕಕ್ಕೆ ಹೋಗಿ ಆ ನಿಷೇಧ ಮುರೀಬೇಕು, ಮುರಿದ ಮೇಲೂ ಒಂದು ಹೊತ್ತಿಗೆ ಒಂದನ್ನ ಮಾತ್ರ ಸಡಿಲ ಮಾಡ್ಕೋಬಹುದು. ಪಜಲ್‌ಗೂ ಕಥೆಗೂ ಇಷ್ಟು ಹೊಂದಿಕೊಂಡಿರೋದು ಅಡ್ವೆಂಚರ್ ಗೇಮ್‌ಗಳಲ್ಲಿ ನಾನು ನೋಡಿದ್ದು ಬಹಳ ಕಮ್ಮಿ.

ಹಾಗಿದ್ರೆ ಇದಕ್ಯಾಕೆ ಮೊದಲ ಸ್ಥಾನ ಕೊಡ್ಲಿಲ್ಲ ಅಂತ ಕೇಳಬಹುದು. ಬರವಣಿಗೆಗೆ ಮಾತ್ರ ಬಹುಮಾನ ಕೊಡೋದಾದ್ರೆ ಇದಕ್ಕೇ ಕೊಡ್ತಿದ್ದೆ, ಎರಡನೇ ಮಾತಿಲ್ಲ. ಆದ್ರೆ ಇಲ್ಲಿ ಸಾವು ನಡೆಯೋದು ಪಜಲ್ ಬಿಡಿಸಿದ ಮೇಲೆ, ತಂತಾನೆ. ಬೇಡ ಅಂತ ಬಿಡೋ ಹಾಗಿಲ್ಲ, ಬೇರೆ ದಾರಿನೂ ಇಲ್ಲ. ನಾವು ನೋಡಿ ನಗ್ತೀವಿ ಅಷ್ಟೇ, ಕಿಂಡರ್‌ಗಾರ್ಟನ್‌ನಲ್ಲಿ ಆಗೋ ಹಾಗೆ ಕೈ ಹೊಲಸಾಯ್ತು ಅನ್ನಿಸಲ್ಲ. ಮಧ್ಯೆ ಕೆಲವು ಕಡೆ ವಸ್ತು ಮೇಲೆ ವಸ್ತು ಉಜ್ಜಿ ನೋಡೋ ಹಳೇ ಅಡ್ವೆಂಚರ್ ಕಾಯಿಲೆನೂ ಇದೆ. ಮಿನಿಗೇಮ್ ಥರದ ಪಜಲ್‌ಗಳನ್ನ ಬೇಡ ಅಂದ್ರೆ ದಾಟಿ ಹೋಗಬಹುದು, ಅದೊಂದು ಪುಣ್ಯ ಕಟ್ಕೊಂಡಿದಾರೆ.

ಡಾಂಗನ್‌ರೋನ್ಪಾ: ಟ್ರಿಗರ್ ಹ್ಯಾಪಿ ಹ್ಯಾವಕ್ ಬಗ್ಗೆ ಎಷ್ಟು ಬೇಕಾದ್ರೂ ಬರೀಬಹುದು, ಅಷ್ಟು ಉದ್ದನೇ ಇದೆ ಗೇಮು. ಜಪಾನ್‌ನಲ್ಲಿ ಪಿಎಸ್‌ಪಿ ಅನ್ನೋ ಕೈಲಿ ಹಿಡ್ಕೊಂಡು ಆಡೋ ಮೆಷಿನ್‌ಗೆ 2010ರಲ್ಲಿ ಬಂತು, ಕಂಪ್ಯೂಟರ್ ಗೇಮ್ ಮಾರೋ ಆನ್‌ಲೈನ್ ಅಂಗಡಿ ಸ್ಟೀಮ್‌ಗೆ 2016ರಲ್ಲಿ. ಹೋಪ್ಸ್ ಪೀಕ್ ಅಕಾಡೆಮಿ ಅನ್ನೋ ದೊಡ್ಡ ಹೆಸರಿನ ಶಾಲೆಗೆ ಪ್ರತಿಭಾವಂತರು ಸೇರ್ತಾರೆ, ಕಣ್ಣು ಬಿಟ್ಟು ನೋಡಿದ್ರೆ ಕಿಟಕಿಗೆಲ್ಲಾ ಕಬ್ಬಿಣದ ತಗಡು. ಪ್ರಿನ್ಸಿಪಾಲ್ ಒಂದು ಕರಡಿ ಗೊಂಬೆ, ಅರ್ಧ ಬಿಳಿ ಅರ್ಧ ಕಪ್ಪು, ಹೆಸರು ಮೊನೊಕುಮಾ. ಅವನ ನಿಯಮ ಸರಳ, ಹೊರಗೆ ಹೋಗ್ಬೇಕಾ, ಒಬ್ಬ ಸಹಪಾಠಿನ ಕೊಂದು ಸಿಕ್ಕಿಬೀಳದೆ ಇರು. ಕೊಲೆ ಆದ್ಮೇಲೆ ವಿದ್ಯಾರ್ಥಿಗಳೇ ನಡೆಸೋ ವಿಚಾರಣೆ, ಅಂದ್ರೆ ಕ್ಲಾಸ್ ಟ್ರಯಲ್‌ನಲ್ಲಿ, ಕೊಲೆಗಾರ ಯಾರು ಅಂತ ಸರಿಯಾಗಿ ಹೇಳಿದ್ರೆ ಅವನಿಗೆ ಶಿಕ್ಷೆ, ತಪ್ಪಾಗಿ ಹೇಳಿದ್ರೆ ಅವನನ್ನ ಬಿಟ್ಟು ಮಿಕ್ಕಿದೋರಿಗೆಲ್ಲಾ ಶಿಕ್ಷೆ.

ಜಪಾನೀಸ್ ಆಡಿಯೋ ಹಾಕ್ಕೊಂಡೇ ಆಡಿ ಅಂತ ನನ್ನ ಸಲಹೆ, ಯಾಕಂದ್ರೆ ಅದರಲ್ಲಿ ಮೊನೊಕುಮಾಗೆ ಧ್ವನಿ ಕೊಟ್ಟಿರೋರು ನೊಬುಯೊ ಓಯಾಮಾ, ವರ್ಷಾನುಗಟ್ಟಲೆ ಡೋರೆಮಾನ್‌ಗೆ ಧ್ವನಿ ಕೊಟ್ಟವರು. ಜಪಾನ್‌ನ ಮಕ್ಕಳೆಲ್ಲಾ ಕೇಳಿ ಬೆಳೆದ ಅದೇ ಗಂಟಲಲ್ಲಿ ಮರಣದಂಡನೆ ಘೋಷಣೆ ಆಗ್ತಾ ಇದ್ರೆ ಹೇಗಿರುತ್ತೆ ಯೋಚನೆ ಮಾಡಿ, ಇಡೀ ಗೇಮಿನ ಅತಿ ಕ್ರೂರ ಜೋಕು ಅದೇ ಇರ್ಬೇಕು. ಇದರಲ್ಲೂ ರಕ್ತ ಗುಲಾಬಿ ಬಣ್ಣ! ಲಿಲ್ಲಿಯ ಗುಲಾಬಿ ಮುಚ್ಚಿಡೋಕೆ, ಇವರ ಗುಲಾಬಿ ಎದ್ದು ಕಾಣೋಕೆ. ಶಿಕ್ಷೆ ಕೂಡ ಸತ್ತುಹೋಗೋನ ಪ್ರತಿಭೆಗೆ ತಕ್ಕ ಹಾಗೆ ಡಿಸೈನ್ ಮಾಡಿರ್ತಾರೆ, ಅದನ್ನ ನೋಡಿ ನಗಬೇಕೋ ಕಣ್ಣು ಮುಚ್ಚಬೇಕೋ ಗೊತ್ತಾಗಲ್ಲ.

ಟ್ರಯಲ್ ಆಡೋಕೆ ಮಜಾ ಇದೆ. ಎಲ್ಲರೂ ವಾದ ಮಾಡ್ತಾ ಇರ್ತಾರೆ, ಅವರ ಮಾತುಗಳು ಅಕ್ಷರಗಳಾಗಿ ತೇಲಿ ಹೋಗ್ತಾ ಇರುತ್ತೆ, ಸುಳ್ಳು ಇರೋ ಮಾತಿಗೆ ಸಾಕ್ಷಿನ ಬುಲೆಟ್ ಥರ ಹೊಡೀಬೇಕು. ಅದರ ಮಧ್ಯೆ ಅಕ್ಷರ ಹೊಡೆದು ಪದ ಮಾಡೋದು, ತಾಳಕ್ಕೆ ತಕ್ಕ ಹಾಗೆ ಬಟನ್ ಒತ್ತೋದು ಅಂತ ಏನೇನೋ ಸೇರಿಸಿದಾರೆ, ಅವು ಇಲ್ದೆ ಇದ್ರೂ ನಡೀತಿತ್ತು. ನನ್ನ ದೂರು ಬೇರೆ: ಇಲ್ಲಿ ಯಾರಾದ್ರೂ ಸತ್ರೆ ನಿಜವಾಗ್ಲೂ ಬೇಜಾರಾಗುತ್ತೆ, ಬಿಡುವಿನ ಹೊತ್ತಲ್ಲಿ ಅವರ ಜೊತೆ ಕೂತು ಮಾತಾಡಿ ಗಿಫ್ಟ್ ಕೊಟ್ಟು ಸ್ನೇಹ ಬೆಳೆಸಿರ್ತೀವಿ, ಅವರು ವಾಪಸ್ ಬರಲ್ಲ, ಸೋಮವಾರ ಮತ್ತೆ ಶುರು ಆಗೋ ಭಾಗ್ಯ ಇಲ್ಲಿಲ್ಲ. ಹಾಗಾಗಿ ಅರ್ಧ ದಾರಿ ಆದ್ಮೇಲೆ ಕಾಮಿಡಿ ಎಲ್ಲಾ ಕರಡಿಯೊಬ್ಬನ ತಲೆ ಮೇಲೆ ಬೀಳುತ್ತೆ, ಮಿಕ್ಕಿದೋರೆಲ್ಲಾ ಥ್ರಿಲ್ಲರ್‌ನಲ್ಲಿ ಇರ್ತಾರೆ. ಒಳ್ಳೇ ಥ್ರಿಲ್ಲರ್ರೇ, ಬಿಡೋಕಾಗಲ್ಲ, ರಾತ್ರಿ ಎಲ್ಲಾ ಕೂರಿಸುತ್ತೆ. ನಗೋಕೆ ಅಂತ ತಗೊಂಡೋರಿಗೆ ಮಾತ್ರ ಜಾಸ್ತಿ ಭಾರ ಆಗಬಹುದು.

ಬುಲ್ಲಿನ ಈ ಪಟ್ಟಿಗೆ ಸೇರಿಸಿದ್ದಕ್ಕೆ ಕೆಲವರು ತಕರಾರು ತೆಗೀತಾರೆ ಗೊತ್ತು, ಅದು ಓಪನ್ ವರ್ಲ್ಡ್ ಆಕ್ಷನ್, ಅಂದ್ರೆ ಊರೆಲ್ಲಾ ಮನಸ್ಸಿಗೆ ಬಂದ ಹಾಗೆ ಸುತ್ತಾಡಿ ಹೊಡೆದಾಡೋದು, ಮಿಕ್ಕ ಮೂರರ ಥರ ಕಥೆ ಹಿಡ್ಕೊಂಡು ಹೋಗೋ ಅಡ್ವೆಂಚರ್ ಅನ್ನೋದು ಹೆಸರಿಗೆ ಅಷ್ಟೇ. ಆದ್ರೆ ಶಾಲೆ ಗೇಮ್ ಅಂದ ತಕ್ಷಣ ಎಲ್ಲರೂ ಇದನ್ನೇ ಹೇಳೋದ್ರಿಂದ ಬಿಡೋಕಾಗ್ಲಿಲ್ಲ. ರಾಕ್‌ಸ್ಟಾರ್ ಅನ್ನೋ ಗೇಮ್ ಕಂಪನಿಯೋರು 2006ರಲ್ಲಿ ಪಿಎಸ್ 2 ಅನ್ನೋ ಟಿವಿಗೆ ಹಾಕಿ ಆಡೋ ಮೆಷಿನ್‌ಗೆ ತಂದ್ರು, 2008ರಲ್ಲಿ ಸ್ಕಾಲರ್‌ಶಿಪ್ ಎಡಿಶನ್ ಅಂತ ಹೊಸ ಆವೃತ್ತಿ, 2016ರಲ್ಲಿ ಫೋನಿಗೂ ಬಂತು. ಜಿಮ್ಮಿ ಹಾಪ್ಕಿನ್ಸ್ ಅನ್ನೋ ಹುಡುಗನ್ನ ಅವನಮ್ಮ ಹೊಸ ಗಂಡನ ಜೊತೆ ಹನಿಮೂನ್‌ಗೆ ಹೋಗೋ ಅವಸರದಲ್ಲಿ ಬುಲ್‌ವರ್ತ್ ಅಕಾಡೆಮಿ ಗೇಟಲ್ಲಿ ಇಳಿಸಿ ಹೋಗ್ತಾಳೆ. ನರ್ಡ್ ಅಂದ್ರೆ ಪುಸ್ತಕದ ಹುಳುಗಳು, ಜಾಕ್ ಅಂದ್ರೆ ಆಟಗಾರರು, ಪ್ರೆಪ್ಪಿ ಅಂದ್ರೆ ಶ್ರೀಮಂತರ ಮಕ್ಕಳು, ಗ್ರೀಸರ್ ಅಂದ್ರೆ ಲೆದರ್ ಜಾಕೆಟ್ ಪುಂಡರು, ಹೀಗೆ ಗುಂಪುಗಳು, ಎಲ್ಲರ ಮೇಲೂ ಕೈ ಮೇಲಾಗಬೇಕು. ಕವಣೆ, ಗಬ್ಬು ನಾತದ ಬಾಂಬು, ತುರಿಕೆ ಪುಡಿ, ಇವೇ ಆಯುಧ.

ತಮಾಷೆ ಏನಂದ್ರೆ ಬಿಡುಗಡೆಗೆ ಮುಂಚೆ ಅತಿ ಹೆಚ್ಚು ಗಲಾಟೆ ಆಗಿದ್ದು ಇದರ ಮೇಲೇನೇ. ಜ್ಯಾಕ್ ಥಾಂಪ್ಸನ್ ಅನ್ನೋ ವಕೀಲರು ಫ್ಲಾರಿಡಾದಲ್ಲಿ ಕೋರ್ಟಿಗೆ ಹೋದ್ರು, ಜಡ್ಜ್ ಗೇಮ್ ಆಡಿಸಿ ನೋಡಿ ಮಾರಾಟ ತಡೆಯೋಕೆ ಒಪ್ಪಲಿಲ್ಲ. ಬ್ರೆಜಿಲ್‌ನಲ್ಲಿ 2008ರಲ್ಲಿ ಬ್ಯಾನ್ ಮಾಡಿದ್ರು. ಆಡಿ ನೋಡಿದ್ರೆ ನಾಲ್ಕರಲ್ಲಿ ಇದೇ ಸಾಧು! ಯಾರೂ ಸಾಯಲ್ಲ, ಚಿಕ್ಕ ಮಕ್ಕಳ ಮೇಲೋ ಹುಡುಗಿಯರ ಮೇಲೋ ಕೈ ಮಾಡಿದ್ರೆ ಎಷ್ಟು ತಪ್ಪು ಮಾಡಿದೀರ ಅಂತ ತೋರಿಸೋ ಟ್ರಬಲ್ ಮೀಟರ್ ಸೀದಾ ತುದಿಗೆ ಹೋಗಿ ಶಾಲೆಯ ಶಿಸ್ತು ನೋಡ್ಕೊಳ್ಳೋ ಪ್ರಿಫೆಕ್ಟ್‌ಗಳು ಬೆನ್ನು ಹತ್ತುತಾರೆ, ಕ್ಲಾಸಿಗೆ ಚಕ್ಕರ್ ಹೊಡೆದ್ರೆ ಹಿಡ್ಕೊಂಡು ಬರ್ತಾರೆ. ಕೆಮಿಸ್ಟ್ರಿ ಪಾಸಾದ್ರೆ ಪಟಾಕಿ ಮಾಡೋದು ಕಲೀತೀರ, ಇಂಗ್ಲಿಷ್ ಕ್ಲಾಸಲ್ಲಿ ಅಕ್ಷರ ಜೋಡಿಸಿ ಪದ ಮಾಡ್ತೀರ. ಇಂಗ್ಲಿಷ್ ಮೇಷ್ಟ್ರು ಗ್ಯಾಲೋವೇ ಕುಡುಕ, ಅವರ ಬಾಟಲ್ ಬಚ್ಚಿಡೋ ಕೆಲಸ ನಮ್ಮದೇ. ಅವರ ಮೇಲೆ ಸಿಟ್ಟು ಬರಲ್ಲ, ಅಯ್ಯೋ ಪಾಪ ಅನ್ಸುತ್ತೆ, ಅಲ್ಲೇ ಗೊತ್ತಾಗುತ್ತೆ ಬುಲ್ಲಿ ಒಳಗೊಳಗೇ ಎಷ್ಟು ಮೆದು ಅಂತ. ಪ್ರಿನ್ಸಿಪಾಲ್ ಕ್ರಾಬಲ್‌ಸ್ನಿಚ್‌ಗೆ ಶಾಲೆಯ ಹೆಸರಿನ ಮೇಲೆ ಅಷ್ಟು ಅಭಿಮಾನ, ಶಾಲೆ ಒಳಗೆ ಏನಾಗ್ತಿದೆ ಅಂತ ಮಾತ್ರ ಗೊತ್ತಿಲ್ಲ. ಕರಾಳ ಅನ್ನೋಕಾಗಲ್ಲ, ಕುಚೇಷ್ಟೆ ಅನ್ನಬಹುದು. ಇದರ ಮಜಾ ಸ್ಕೇಟ್‌ಬೋರ್ಡ್ ಹಾಕ್ಕೊಂಡು ಊರು ಸುತ್ತೋದ್ರಲ್ಲಿದೆ, ಹಿಮ ಬಿದ್ದಾಗ ಇಡೀ ಶಾಲೆಯ ರೂಪವೇ ಬದಲಾಗುತ್ತಲ್ಲ, ಅದನ್ನ ನೋಡೋದ್ರಲ್ಲಿದೆ.

ಯಾರು ಯಾವುದು ತಗೋಬೇಕು ಅಂದ್ರೆ: ಒಂದೆರಡು ಸಂಜೆ ಇದೆ, ತಪ್ಪಾಗಿ ಸತ್ತು ಮತ್ತೆ ಶುರು ಮಾಡೋಕೆ ಬೇಜಾರಿಲ್ಲ ಅನ್ನೋರಿಗೆ ಕಿಂಡರ್‌ಗಾರ್ಟನ್, ಆಮೇಲೆ ಎರಡನೇ ಭಾಗ, ಆರ್ಡರ್ ಉಲ್ಟಾ ಮಾಡ್ಬೇಡಿ ಕಥೆ ಮುಂದುವರಿಯುತ್ತೆ. ಸತ್ತು ಸತ್ತು ಆಡೋದು ಆಗಲ್ಲ, ನಿಧಾನಕ್ಕೆ ತಲೆ ಕೆರ್ಕೊಂಡು ಆಡ್ತೀನಿ ಅನ್ನೋರಿಗೆ ಹಾರ್ವೀಸ್ ನ್ಯೂ ಐಸ್. ಓದೋಕೆ ಬೇಜಾರಿಲ್ಲ, ಇಪ್ಪತ್ತು ಗಂಟೆ ಮೇಲೆ ಹೋದ್ರೂ ಪರವಾಗಿಲ್ಲ ಅನ್ನೋರು ಡಾಂಗನ್‌ರೋನ್ಪಾಗೆ ಹೋಗಿ, ಆದ್ರೆ ಅದರ ಬಗ್ಗೆ ಎಲ್ಲೂ ಹುಡುಕಬೇಡಿ, ಮೊದಲ ಟ್ರಯಲ್‌ನ ಕೊಲೆಗಾರನ ಹೆಸರು ವಿಡಿಯೋ ಟೈಟಲ್‌ನಲ್ಲೇ ಬರೆದು ಬಿಟ್ಟಿರ್ತಾರೆ ಪುಣ್ಯಾತ್ಮರು. ಮನೆಯಲ್ಲಿ ಚಿಕ್ಕ ಮಕ್ಕಳು ಪಕ್ಕದಲ್ಲಿ ಕೂತು ಸ್ಕ್ರೀನ್ ನೋಡ್ತಾ ಇರ್ತಾರೆ ಅನ್ನೋರಿಗೆ ನಾಲ್ಕೂ ಬೇಡ, ಅದರಲ್ಲೂ ಆ ಮುದ್ದು ಮುದ್ದು ಪಿಕ್ಸೆಲ್ ಗೊಂಬೆಗಳದ್ದು ಬೇಡವೇ ಬೇಡ.