ಮಾಪ್ಸಾದ ರೊಟ್ಟಿ ಖಾನಾವಳಿ: ಊಟಕ್ಕೆ ನಾಲ್ಕು ಸ್ಟಾರ್, ಉದ್ರಿ ಪುಸ್ತಕಕ್ಕೆ ಐದು

ಗೋವಾದಲ್ಲಿ ಎಲ್ಲಿ ಊಟ ಮಾಡಬೇಕು ಅಂತ ಕೇಳಿದರೆ ಎಲ್ಲರೂ ಬೀಚ್ ಪಕ್ಕದ ತಾತ್ಕಾಲಿಕ ಗುಡಿಸಲು ಹೋಟೆಲುಗಳಾದ ಶ್ಯಾಕ್‌ಗಳ ಹೆಸರು ಹೇಳುತ್ತಾರೆ. ಸಮುದ್ರ ಕಾಣಬೇಕು, ಕಾಲಿಗೆ ಮರಳು ತಾಗಬೇಕು, ಕೈಯಲ್ಲೊಂದು ಗ್ಲಾಸು ಇರಬೇಕು. ಸರಿ, ಜನ ಬರೋದೇ ಅದಕ್ಕೆ ಅಲ್ವಾ. ನಾನು ಹೇಳುತ್ತಿರುವ ಜಾಗದಿಂದ ಸಮುದ್ರ ಕಾಣುವುದಿಲ್ಲ, ಎದುರಿನ ಪಂಕ್ಚರ್ ಅಂಗಡಿ ಕಾಣುತ್ತದೆ. ಮಾಪ್ಸಾ ಮಾರ್ಕೆಟ್ಟಿನ ಹಿಂದಿನ ಗಲ್ಲಿಯಲ್ಲಿ ತಗಡಿನ ಶೀಟು ಹಾಕಿದ ಒಂದು ಖಾನಾವಳಿ, ಬಸ್ ಸ್ಟ್ಯಾಂಡಿನಿಂದ ನಡೆದೇ ಹೋಗಬಹುದು. ಬೋರ್ಡಿನಲ್ಲಿ ಕನ್ನಡದಲ್ಲಿ 'ಜೋಳದ ರೊಟ್ಟಿ ಊಟ ಸಿಗುತ್ತದೆ' ಅಂತ ಮಾತ್ರ ಬರೆದಿದೆ. ಹೆಸರು ಇಲ್ಲ, ಮ್ಯಾಪಿನಲ್ಲೂ ಇಲ್ಲ.

ನಡೆಸುವವರು ಬಾದಾಮಿ ಕಡೆಯ ಗಂಡ-ಹೆಂಡತಿ. ಒಳಗೆ ಕಾಲಿಟ್ಟ ಕೂಡಲೇ ಯಜಮಾನರು 'ಬರ್ರಿ ಬರ್ರಿ, ಕುಂದರ್ರಿ' ಅನ್ನುತ್ತಾರೆ. ಕೂರುವುದಕ್ಕೆ ಜಾಗ ಇದೆಯಾ ಅಂತ ನೋಡಿಕೊಳ್ಳುವುದು ನಮ್ಮ ಕೆಲಸ! ನಾಲ್ಕೇ ಟೇಬಲ್ಲು, ಒಂದು ಫ್ಯಾನು. ಶುಕ್ರವಾರ ಮಾಪ್ಸಾ ಸಂತೆ ಇರುವುದರಿಂದ ಅವತ್ತು ಮಧ್ಯಾಹ್ನ ಆ ಕಡೆ ತಲೆ ಹಾಕದಿರುವುದೇ ಒಳ್ಳೆಯದು.

ಊಟ 120 ರೂಪಾಯಿ. ಎರಡು ಬಿಸಿ ರೊಟ್ಟಿ, ಎಣ್ಣೆಗಾಯಿ, ಒಂದು ಕಾಳು ಪಲ್ಯ, ಶೇಂಗಾ ಚಟ್ನಿ, ಮೊಸರು, ಹಸಿ ಉಳ್ಳಾಗಡ್ಡಿ, ಮೆಂತ್ಯ ಸೊಪ್ಪಿನ ನಾಲ್ಕು ಎಸಳು, ಕೊನೆಗೆ ಅನ್ನ ಸಾರು. ರೊಟ್ಟಿ ಬಡಿಯುವುದು ಅಕ್ಕನೇ. ಕುದಿಯುವ ನೀರು ಹಾಕಿ ಹಿಟ್ಟು ನಾದಿ, ಹಲಗೆ ಮೇಲೆ ಒಣ ಹಿಟ್ಟು ಉದುರಿಸಿ, ಎರಡೂ ಕೈಯಲ್ಲಿ ಪಟಪಟ ಬಡಿಯುತ್ತಿದ್ದರೆ ರೊಟ್ಟಿ ತಾನೇ ತಿರುಗುತ್ತಾ ಅಗಲವಾಗುತ್ತದೆ. ಹಂಚಿಗೆ ಹಾಕಿ, ಒದ್ದೆ ಬಟ್ಟೆಯಲ್ಲಿ ಮೇಲೆ ನೀರು ಸವರಿ, ತಿರುವಿ, ಆಮೇಲೆ ನೇರ ಉರಿಗೆ ಹಿಡಿಯುತ್ತಾರೆ. ಪೂರ್ತಿ ಉಬ್ಬಿ, ಅಂಚಿನಲ್ಲಿ ಎರಡು ಕಪ್ಪು ಚುಕ್ಕೆ ಬಿದ್ದ ಮೇಲೇ ತಟ್ಟೆಗೆ ಬರುತ್ತದೆ. ಈ ರೊಟ್ಟಿಗೆ ನನ್ನದು ಪೂರ್ತಿ ಅಂಕ. ಎಣ್ಣೆಗಾಯಿಯಲ್ಲಿ ಗುರೆಳ್ಳು, ಶೇಂಗಾ ಹದವಾಗಿ ಬಿದ್ದಿರುತ್ತದೆ. ಎಣ್ಣೆ ಮಾತ್ರ ಸ್ವಲ್ಪ ಜಾಸ್ತಿ. ಸಾರು ನೀರು ನೀರು, ಅದನ್ನು ನಾನು ಬಿಟ್ಟೇ ಬಿಡುತ್ತೇನೆ. ಕೈ ತೊಳೆಯುವ ಜಾಗ ಜಾರುತ್ತದೆ, ಮಳೆಗಾಲದಲ್ಲಂತೂ ಗೋಡೆ ಹಿಡಿದುಕೊಂಡೇ ಹೋಗಬೇಕು.

ಇಷ್ಟಾದರೆ ಇದು ಇನ್ನೊಂದು ಖಾನಾವಳಿ ರಿವ್ಯೂ ಅಷ್ಟೇ. ಆದರೆ ಈ ಜಾಗಕ್ಕೆ ನಾನು ಮತ್ತೆ ಮತ್ತೆ ಹೋಗುವುದು ಬರೀ ರೊಟ್ಟಿಗಾಗಿ ಅಲ್ಲ. ನಾನು ಪಣಜಿಯಲ್ಲಿ ಹೋಟೆಲುಗಳ ಲೆಕ್ಕ ನೋಡುವ ಕಚೇರಿಯಲ್ಲಿದ್ದೇನೆ. ದಿನವಿಡೀ ಟೂರಿಸಂ ದುಡ್ಡನ್ನು ಎಕ್ಸೆಲ್ ಶೀಟಿನಲ್ಲಿ ನೋಡುವ ಕೆಲಸ. ಅದೇ ದುಡ್ಡು ಕೊನೆಗೆ ಯಾರ ಜೇಬಿಗೆ, ಎಷ್ಟು ಸಲ ಕೈ ಬದಲಾಯಿಸಿ ಬಂತು ಅನ್ನುವುದು ಶೀಟಿನಲ್ಲಿ ಕಾಣುವುದಿಲ್ಲ, ಇಲ್ಲಿ ಕಾಣುತ್ತದೆ.

ಇಲ್ಲಿ ಊಟಕ್ಕೆ ಬರುವವರನ್ನು ನೋಡಿ. ಕಲಂಗುಟ್ ಹೋಟೆಲಿನ ಅಡುಗೆಮನೆಯಲ್ಲಿ ತರಕಾರಿ ಹೆಚ್ಚುವ ಹುಡುಗರು, ಮುಂಗೈ ಮೇಲೆ ಎಣ್ಣೆ ಸಿಡಿದ ಕಲೆ ಇರುವವರು. ರೆಸಾರ್ಟುಗಳ ಬೆಡ್‌ಶೀಟ್ ಒಗೆಯುವ ಲಾಂಡ್ರಿಯವರು. ಈಜುಕೊಳ ತೊಳೆಯುವವರು. ಹೊಸ ಹೋಟೆಲುಗಳಿಗೆ ಟೈಲ್ಸ್ ಕೂರಿಸುವ ಗಾರೆ ಕೆಲಸದವರು. ಬಾಗಾ, ಅಂಜುನಾ ಬೀಚಿನಲ್ಲಿ ಮಣಿಸರ, ಬಟ್ಟೆ ಮಾರುವ ಲಂಬಾಣಿ ಹೆಂಗಸರು. ಅವರಲ್ಲೊಬ್ಬರು ಊಟ ಮುಗಿಸಿ, ಸೊಂಟದ ಚೀಲ ಬಿಚ್ಚಿ, ಹತ್ತರ ನೋಟು ಬೇರೆ, ಐವತ್ತರ ನೋಟು ಬೇರೆ ಮಾಡಿ, ಉಗುರಿನಿಂದ ನೋಟಿನ ಮಡಿಕೆ ಬಿಡಿಸಿ ಎಣಿಸುವುದನ್ನು ಎದುರಿನ ಬೆಂಚಿನಿಂದ ನೋಡಿದ್ದೇನೆ. ನೋಟುಗಳ ನಡುವೆ ಮರಳು ಉದುರುತ್ತಿತ್ತು. 'ಇವತ್ತ ಪೊಲೀಸರ ಕಾಟ ಇಲ್ರಿ, ಅದಕ್ಕ ಇಷ್ಟು' ಅಂದರು. ಬೀಚ್ ಮೇಲೆ ಮಾರುವವರನ್ನು ಎಬ್ಬಿಸುವ ಕಾರ್ಯಾಚರಣೆ ಆಗಾಗ ನಡೆಯುತ್ತದೆ. ಅವತ್ತು ಸಂಪಾದನೆ ಸೊನ್ನೆ.

ಇವರಲ್ಲಿ ಹೆಚ್ಚಿನವರು ಬಾಗಲಕೋಟೆ, ಗದಗ, ವಿಜಯಪುರ, ಕೊಪ್ಪಳ ಕಡೆಯವರು. ಗೋವಾ ಟೂರಿಸಂ ಅಂದರೆ ನಮಗೆಲ್ಲ ಚರ್ಚು, ಬೀಚು, ಕ್ರೂಸು ನೆನಪಾಗುತ್ತದೆ, ಆದರೆ ಆ ಬೀಚಿನ ಹಿಂದಿರುವ ಹಾಸಿಗೆ, ಬಾತ್‌ರೂಮು, ಪಾತ್ರೆ, ಇಟ್ಟಿಗೆ ಇವೆಲ್ಲದರ ಮೇಲೂ ನಮ್ಮ ಉತ್ತರ ಕರ್ನಾಟಕದವರ ಕೈ ಬಿದ್ದಿರುತ್ತದೆ, ಇದನ್ನು ಯಾವ ಬ್ರೋಷರ್ರೂ ಹೇಳುವುದಿಲ್ಲ.

ಯಜಮಾನರ ಕಥೆಯೂ ಇದಕ್ಕೆ ಹೊರತಲ್ಲ. ಅವರು ಮೊದಲು ಡಿಚೋಲಿ ಕಡೆ ಅದಿರು ಲಾರಿಗಳ ಡ್ರೈವರುಗಳಿಗೆ ಊಟ ಹಾಕುತ್ತಿದ್ದರು. 2012ರ ಸೆಪ್ಟೆಂಬರಿನಲ್ಲಿ ಗೋವಾ ಸರ್ಕಾರ ಗಣಿಗಾರಿಕೆ ನಿಲ್ಲಿಸಿತು, ಮುಂದಿನ ತಿಂಗಳು ಸುಪ್ರೀಂ ಕೋರ್ಟೂ ತಡೆ ಹಾಕಿತು. ಆಮೇಲೆ ಮತ್ತೆ ಶುರುವಾಯಿತು. 2018ರಲ್ಲಿ ಕೋರ್ಟು 88 ಲೀಸುಗಳನ್ನು ರದ್ದು ಮಾಡಿದಾಗ ಪುನಃ ನಿಂತಿತು. ಮೊದಲ ಸಲ ನಿಂತಾಗ ಹೇಗೋ ತಡೆದುಕೊಂಡರಂತೆ, ಎರಡನೇ ಸಲ ಗಂಟುಮೂಟೆ ಕಟ್ಟಿ ಮಾಪ್ಸಾಕ್ಕೆ ಬಂದರು. 'ಲಾರಿ ನಿಂತ್ರ ಹೊಟ್ಟಿ ನಿಲ್ಲೂದಿಲ್ಲಲ್ರಿ' ಅಂತ ನಗುತ್ತಾರೆ. ಒಂದು ರಾಜ್ಯದ ಎರಡು ಕಾಲುಗಳಲ್ಲಿ ಒಂದು ಮುರಿದರೆ ಇಡೀ ಭಾರ ಇನ್ನೊಂದರ ಮೇಲೆ ಬೀಳುತ್ತದೆ. ಗೋವಾದಲ್ಲಿ ಆಗಿದ್ದೂ ಅದೇ, ಅದಿರಿನ ಭಾರವೂ ಟೂರಿಸಂ ಮೇಲೆ ಬಿತ್ತು.

ಆ ಕಾಲು ಎಷ್ಟು ಗಟ್ಟಿ ಅನ್ನುವುದಕ್ಕೆ ಗಲ್ಲಾದ ಪಕ್ಕ ಇರುವ ಉದ್ದನೆಯ ಕೆಂಪು ರಟ್ಟಿನ ಪುಸ್ತಕ ನೋಡಬೇಕು. ಅದು ಉದ್ರಿ ಲೆಕ್ಕ. ಅದರಲ್ಲಿ ಮನುಷ್ಯರ ಹೆಸರು ಕಡಿಮೆ. 'ಬಾಗಾ ಲಾಂಡ್ರಿ', 'ಕಲಂಗುಟ್ ಪೂಲ್', 'ಕಾಂದೋಳಿ ಟೈಲ್ಸ್ ಇಬ್ಬರು', ಹೀಗೆ ಕೆಲಸದ ಜಾಗವೇ ಹೆಸರು. ಡಿಸೆಂಬರ್, ಜನವರಿಯ ಪುಟಗಳಲ್ಲಿ ಹೆಚ್ಚಿನ ಸಾಲುಗಳ ಮೇಲೆ ಅಡ್ಡಗೆರೆ ಎಳೆದಿದೆ, ದುಡ್ಡು ಬಂದಿದೆ ಅಂತ. ಜೂನ್ ಬಂದರೆ ಗೆರೆ ಕಡಿಮೆ, ಜುಲೈ ಆಗಸ್ಟಿನಲ್ಲಿ ಬರೀ ಸಾಲು. ಯಜಮಾನರ ಮಾತಲ್ಲೇ ಹೇಳುವುದಾದರೆ, 'ಮಳಿಗಾಲದಾಗ ಪುಸ್ತಕ ತುಂಬತೈತ್ರಿ, ಡಿಸೆಂಬರದಾಗ ಪೆಟ್ಟಿಗಿ ತುಂಬತೈತಿ.' ಶ್ಯಾಕ್‌ಗಳನ್ನು ಮಳೆಗೆ ಮುಂಚೆ ಬಿಚ್ಚಬೇಕು, ಮಳೆ ಮುಗಿದ ಮೇಲೇ ಮತ್ತೆ ಕಟ್ಟಬೇಕು ಅನ್ನೋದು ನಿಯಮ. ಶ್ಯಾಕ್ ಬಿಚ್ಚಿದ ದಿನ ಅಲ್ಲಿನ ಹುಡುಗರು ಊರಿಗೆ ಹೊರಡುತ್ತಾರೆ, ಉಳಿದವರು ಉದ್ರಿಗೆ ಬರುತ್ತಾರೆ. ಸರ್ಕಾರದ ವರದಿ ಬರುವುದಕ್ಕೆ ಒಂದು ವರ್ಷ ಬೇಕು, ಈ ಪುಸ್ತಕದಲ್ಲಿ ಅವತ್ತೇ ಗೊತ್ತಾಗುತ್ತದೆ.

ಸರ್ಕಾರದ ಲೆಕ್ಕವನ್ನೂ ಸ್ವಲ್ಪ ನೋಡೋಣ, ಬೇಜಾರಾದರೆ ಮುಂದಿನ ಪ್ಯಾರಾಗೆ ಹೋಗಿ. ಗೋವಾದ ಜನಸಂಖ್ಯೆ 2011ರ ಜನಗಣತಿ ಪ್ರಕಾರ 14.58 ಲಕ್ಷ. 2024ರಲ್ಲಿ ಬಂದ ಪ್ರವಾಸಿಗರು ಒಂದು ಕೋಟಿ ದಾಟಿದರು. ಅದರಲ್ಲಿ ವಿದೇಶಿಯರು 5 ಲಕ್ಷಕ್ಕಿಂತ ಕಡಿಮೆ, 2019ರಲ್ಲಿ 9 ಲಕ್ಷದ ಮೇಲಿದ್ದರು. ಅಂದರೆ ಒಟ್ಟು ಸಂಖ್ಯೆ ಏರಿದೆ, ಆದರೆ ಬರುವವರು ಬದಲಾಗಿದ್ದಾರೆ. ಮೊದಲು ಚಾರ್ಟರ್ ವಿಮಾನದಲ್ಲಿ ಬಂದವರು ವಾರಗಟ್ಟಲೆ ಅದೇ ಊರಲ್ಲಿ ಉಳಿದು, ಅದೇ ಶ್ಯಾಕಿನಲ್ಲಿ ತಿಂದು, ಅದೇ ಬಾಡಿಗೆ ಸ್ಕೂಟರ್ ಓಡಿಸುತ್ತಿದ್ದರು. ಈಗ ಬೆಂಗಳೂರು, ಪುಣೆ, ಹೈದರಾಬಾದಿನಿಂದ ಶುಕ್ರವಾರ ರಾತ್ರಿ ಬಂದು ಭಾನುವಾರ ಹೋಗುವವರು ಜಾಸ್ತಿ. ಇದರಲ್ಲಿ ಒಂದು ಒಳ್ಳೆಯದೂ ಇದೆ. ವಿದೇಶಿಯರಿಗೆ ಮಳೆಗಾಲ ಬೇಡ, ನಮ್ಮವರಿಗೆ ಬೇಕು. ಉದ್ರಿ ಪುಸ್ತಕದಲ್ಲಿ ಈಚೆಗೆ ಆಗಸ್ಟಿನಲ್ಲೂ ನಾಲ್ಕು ಗೆರೆ ಬೀಳುತ್ತಿರುವುದು ಅದಕ್ಕೇ ಅಂತ ನನ್ನ ಲೆಕ್ಕ.

ದೇಶದ ಮಟ್ಟದಲ್ಲಿ ಕೊರೊನಾ ಬಂದಾಗ ಎಲ್ಲರಿಗೂ ಪಾಠ ಆಯಿತು. ಭಾರತಕ್ಕೆ 2019ರಲ್ಲಿ ಬಂದ ವಿದೇಶಿ ಪ್ರವಾಸಿಗರು ಸುಮಾರು 1.09 ಕೋಟಿ, 2020ರಲ್ಲಿ 27 ಲಕ್ಷ ಚಿಲ್ಲರೆ. ಜಿಡಿಪಿಯಲ್ಲಿ ಟೂರಿಸಂ ಪಾಲು 2019-20ರಲ್ಲಿ ಶೇ. 5ರ ಮೇಲಿದ್ದದ್ದು ಮರುವರ್ಷ ಶೇ. 1.5ಕ್ಕೆ ಕುಸಿಯಿತು. ಒಂದು ಕಾರ್ಖಾನೆಯಾದರೆ ತಯಾರಾದ ಮಾಲು ಗೋಡೌನಿನಲ್ಲಿಟ್ಟು ಮುಂದಿನ ತಿಂಗಳು ಮಾರಬಹುದು. ಖಾಲಿ ಉಳಿದ ರೂಮಿನ ರಾತ್ರಿಯನ್ನು ಎಲ್ಲಿ ಇಡುತ್ತೀರಿ? ಅವತ್ತಿನದು ಅವತ್ತಿಗೇ ಹೋಯಿತು. ಈ ಧಂದೆಯ ದೊಡ್ಡ ಗುಣ ಏನೆಂದರೆ ಸರಕನ್ನು ಹಡಗಿಗೆ ಏರಿಸದೆಯೇ ಡಾಲರ್ ಬರುತ್ತದೆ, ಗಿರಾಕಿಯೇ ಟಿಕೆಟ್ ಮಾಡಿಸಿಕೊಂಡು ಬಂದು ಇಲ್ಲೇ ತಿಂದು ಇಲ್ಲೇ ದುಡ್ಡು ಕೊಟ್ಟು ಹೋಗುತ್ತಾನೆ. ದೊಡ್ಡ ದೋಷವೂ ಅದೇ, ಅವನು ಮನೆಯಲ್ಲೇ ಕೂತರೆ ಮುಗಿಯಿತು. 2020ರಲ್ಲಿ ಈ ಖಾನಾವಳಿಗೂ ಬೀಗ ಬಿದ್ದಿತ್ತು. ಗಂಡ-ಹೆಂಡತಿ ಊರಿಗೆ ಹೋಗಿ ಬೇರೆಯವರ ಹೊಲದಲ್ಲಿ ಕೂಲಿ ಮಾಡಿದರಂತೆ. ಆ ವರ್ಷದ ಉದ್ರಿ ಎಷ್ಟು ವಾಪಸ್ ಬಂತು ಅಂತ ಕೇಳಿದೆ. ಅಕ್ಕ ರೊಟ್ಟಿ ಬಡಿಯುತ್ತಲೇ 'ಅದನ್ನ ಕೇಳಬ್ಯಾಡ್ರಿ' ಅಂದರು.

ಇನ್ನು ತಟ್ಟೆಯಲ್ಲಿರುವುದು ಎಲ್ಲಿಂದ ಬಂತು ಅಂತ ನೋಡಿದರೆ ಕಥೆ ಇನ್ನೂ ಉದ್ದ. ಬದನೆಕಾಯಿ, ಮೆಂತ್ಯ, ಹಸಿಮೆಣಸು ಬೆಳಗಾವಿ ಮಾರ್ಕೆಟ್ಟಿನಿಂದ ಚೋರ್ಲಾ ಘಾಟ್ ಇಳಿದು ಬರುತ್ತವೆ. ಇವರಿಗೆ ಮಾತ್ರ ಅಲ್ಲ, ಗೋವಾದ ತರಕಾರಿಯ ದೊಡ್ಡ ಪಾಲು ಬೆಳಗಾವಿಯದ್ದೇ. ಐದು ಸ್ಟಾರ್ ಹೋಟೆಲಿನ ಸಲಾಡಿಗೂ, ಶ್ಯಾಕಿನ ಮಸಾಲಾ ಪಾಪಡಕ್ಕೂ ಅದೇ ಲಾರಿ. ಮಹದಾಯಿ ನೀರಿಗೆ ಎರಡೂ ರಾಜ್ಯ ಕೋರ್ಟು ಕಟ್ಟೆ ಹತ್ತಿ ಜಗಳಾಡುತ್ತವೆ, ಟೊಮೆಟೊ ಲಾರಿ ಮಾತ್ರ ದಿನಾ ಬೆಳಿಗ್ಗೆ ಬರುತ್ತದೆ. ಕಲಂಗುಟಿನಲ್ಲಿ ರೂಮು ತುಂಬಿದರೆ ಬೆಳಗಾವಿಯ ರೈತನಿಗೆ ಕೋಸಿಗೆ ರೇಟು ಸಿಗುತ್ತದೆ. ಆ ರೈತನನ್ನು ಯಾವ ಸಮೀಕ್ಷೆಯಲ್ಲೂ ಟೂರಿಸಂ ನಂಬಿ ಬದುಕುವವನು ಅಂತ ಬರೆದುಕೊಳ್ಳುವುದಿಲ್ಲ.

ಎಲ್ಲ ದುಡ್ಡೂ ಹೀಗೆ ಊರೂರು ಸುತ್ತುತ್ತದೆ ಅಂತ ತಿಳಿಯಬೇಡಿ. ಕಚೇರಿಯಲ್ಲಿ ದಿನಾ ನೋಡುವ ಬಿಲ್ಲುಗಳಲ್ಲಿ, ರೂಮ್ ಬುಕಿಂಗ್ ಆ್ಯಪ್‌ಗಳ ಕಮಿಷನ್ ಶೇ. 15-20 ಅನ್ನೋದು ಮಾಮೂಲು, ಅದು ಗೋವಾದಲ್ಲಿ ನಿಲ್ಲುವುದಿಲ್ಲ. ವಿಮಾನದ ದುಡ್ಡು ಹೊರಗೆ. ಹೊರಗಿನವರ ದೊಡ್ಡ ಹೋಟೆಲಾದರೆ ಲಾಭವೂ ಹೊರಗೆ. ಇಲ್ಲಿ ಉಳಿಯುವುದು ಸಂಬಳ, ತರಕಾರಿ, ಮೀನು, ಟ್ಯಾಕ್ಸಿ, ಲಾಂಡ್ರಿ, ತೆರಿಗೆ. ಆ ಸಂಬಳವೇ ಕಡಿಮೆ ಇದ್ದರೆ ಒಂದು ಕೋಟಿ ಜನ ಬಂದು ಹೋದರೂ ಪೂಲ್ ತೊಳೆಯುವವನು ಉದ್ರಿ ಪುಸ್ತಕದಲ್ಲೇ ಇರುತ್ತಾನೆ. ನನಗೆ ಸಿಟ್ಟು ಬರುವುದು ಇಲ್ಲಿ. ಎಷ್ಟು ಜನ ಬಂದರು ಅಂತ ಪ್ರತಿ ವರ್ಷ ಡಂಗುರ ಹೊಡೆಯುತ್ತಾರೆ, ಬಂದವರಿಂದ ಪ್ರತಿ ಕೆಲಸಗಾರನಿಗೆ ಎಷ್ಟು ಸಿಕ್ಕಿತು ಅಂತ ಯಾರೂ ಬಾಯಿ ಬಿಡುವುದಿಲ್ಲ. ಸ್ಥಳೀಯ ಗೋವನ್ನರ ಗೊಣಗಾಟವೂ ಸುಳ್ಳಲ್ಲ. ಫ್ಲಾಟುಗಳೆಲ್ಲ ದಿನದ ಬಾಡಿಗೆಗೆ ಹೋಗಿ, ತಿಂಗಳ ಬಾಡಿಗೆಗೆ ಮನೆ ಸಿಗುವುದೇ ಕಷ್ಟ. ಈ ಖಾನಾವಳಿ ಇರುವ ಜಾಗದ ಮಾಲೀಕನೂ ಬಾಡಿಗೆ ಏರಿಸುತ್ತಲೇ ಇದ್ದಾನೆ. 120ರ ಊಟ ಮುಂದಿನ ಸೀಜನ್ನಿಗೆ 140 ಆದರೆ ಆಶ್ಚರ್ಯ ಬೇಡ.

ಅದಿರಲಿ. ನೀವು ಗೋವಾಕ್ಕೆ ಬರುವುದೇ ಆದರೆ ನನ್ನ ಸಲಹೆ ಸರಳ. ಒಂದು ಹೊತ್ತು ಶ್ಯಾಕಿನಲ್ಲಿ ತಿನ್ನಿ, ಅವರೂ ಬದುಕಬೇಕು. ರೂಮನ್ನು ಆ್ಯಪಿನಲ್ಲಿ ನೋಡಿದರೂ, ಮನೆಯವರೇ ನಡೆಸುವ ಜಾಗವಾದರೆ ನೇರ ಫೋನ್ ಮಾಡಿ ಕೇಳಿ, ಎಷ್ಟೋ ಸಲ ಇಬ್ಬರಿಗೂ ಲಾಭ. ಊರಲ್ಲಿ ಓಡಾಡುವುದಕ್ಕೆ ಕದಂಬ ಬಸ್ಸು ಹತ್ತಿ, ಪಣಜಿಯಿಂದ ಮಾಪ್ಸಾಕ್ಕೆ ಬಸ್ಸಿಗೆ ಕಾಯುವ ಮಾತೇ ಇಲ್ಲ. (ನಮ್ಮ ಕದಂಬರ ಹೆಸರು ಗೋವಾದ ಸರ್ಕಾರಿ ಬಸ್ಸಿನ ಮೇಲೆ ನೋಡಿದಾಗ ಸುಮ್ನೆ ಒಂದು ಖುಷಿ.) ಒಂದು ಮಧ್ಯಾಹ್ನ ಈ ಖಾನಾವಳಿಗೂ ಬನ್ನಿ.

ಬರುವುದಾದರೆ ಮಧ್ಯಾಹ್ನ ಒಂದು ಗಂಟೆ ಹೊಡೆಯುವುದರೊಳಗೆ ಬನ್ನಿ. ಎರಡರ ಮೇಲೆ ಬಿಸಿ ರೊಟ್ಟಿ ಮುಗಿದಿರುತ್ತದೆ, ಕಟಕ ರೊಟ್ಟಿ (ಒಣಗಿಸಿದ ಗರಿಗರಿ ರೊಟ್ಟಿ) ಕೊಡುತ್ತಾರೆ, ಅದೂ ಮೊಸರು ಚಟ್ನಿ ಜೊತೆ ಚೆನ್ನಾಗೇ ಇರುತ್ತದೆ. ನಾಲ್ಕರ ಹೊತ್ತಿಗೆ ಸಂಜೆ ಶಿಫ್ಟಿನ ಹುಡುಗರು ಬರುತ್ತಾರೆ, ಆಗ ಟೇಬಲ್ ಹಿಡಿದು ಕೂತು ಹರಟೆ ಹೊಡೆಯಬೇಡಿ, ಅವರಿಗೆ ಬಸ್ಸು ತಪ್ಪುತ್ತದೆ. ಹೆಚ್ಚಿನ ರೊಟ್ಟಿಗೆ 20 ರೂಪಾಯಿ. ಯುಪಿಐ ನಡೆಯುತ್ತದೆ, ಕಾರ್ಡ್ ಇಲ್ಲ. ಖಾರ ತಡೆಯದವರು ರಂಜಕ (ಕೆಂಪು ಮೆಣಸಿನಕಾಯಿ ಚಟ್ನಿ) ಬೇಡ ಅಂತ ಮೊದಲೇ ಹೇಳಿಬಿಡಿ, ಇಲ್ಲದಿದ್ದರೆ ಕೇಳದೆಯೇ ಒಂದು ಚಮಚ ಬೀಳುತ್ತದೆ. ಕಾರಿನಲ್ಲಿ ಬಂದರೆ ಗಲ್ಲಿಯೊಳಗೆ ತರಬೇಡಿ, ತಿರುಗಿಸುವುದಕ್ಕೆ ಆಗುವುದಿಲ್ಲ, ಪಂಕ್ಚರ್ ಅಂಗಡಿಯವನು ಬೈಯುತ್ತಾನೆ. ಮತ್ತೆ, ಉದ್ರಿ ಕೇಳಬೇಡಿ, ಅದು ಟೂರಿಸ್ಟುಗಳಿಗೆ ಇಲ್ಲ.