ತಲೆಗಳ ಬೀರು ಇರುವ ಮಕ್ಕಳ ಸಿನಿಮಾ

ಅಕ್ಕನ ಮಗಳಿಗೆ ಏಳು ವರ್ಷ. 1939ರ ಹಾಡು-ಕುಣಿತದ 'ವಿಜರ್ಡ್ ಆಫ್ ಓಜ್' ನೋಡಿ ಕುಣಿದಿದ್ದಳು. ಆ ಧೈರ್ಯದ ಮೇಲೆ 1985ರ 'ರಿಟರ್ನ್ ಟು ಓಜ್' ಹಾಕಿದೆ. ತಪ್ಪು ನನ್ನದೇ.

ಇದರಲ್ಲಿ ಹಾಡೇ ಇಲ್ಲ. ಕಥೆಯ ಹುಡುಗಿ ಡೊರೊತಿಗೆ ರಾತ್ರಿ ನಿದ್ದೆ ಬರಲ್ಲ, ಬಾಯಿ ಬಿಟ್ಟರೆ ಓಜ್ ಎಂಬ ಮಾಯಾಲೋಕದ ಮಾತು. ಅದಕ್ಕೆ ಚಿಕ್ಕಮ್ಮ ಅವಳನ್ನು ಕರೆಂಟ್ ಕೊಡುವ ಡಾಕ್ಟರ ಹತ್ತಿರ ಬಿಟ್ಟು ಬರುತ್ತಾಳೆ. ಮಕ್ಕಳ ಸಿನಿಮಾ ಶುರುವಾಗೋದು ಹೀಗೆ! ಮುಂದೆ ಓಜ್ ಸೇರಿದರೆ ಹಳದಿ ಇಟ್ಟಿಗೆ ರಸ್ತೆ ಒಡೆದು ಬಿದ್ದಿದೆ, ಜನ ಕಲ್ಲಾಗಿದ್ದಾರೆ. ಕೈಕಾಲಿಗೆ ಚಕ್ರ ಇರುವ ವೀಲರ್‌ಗಳು ಕಿರ್ರೆಂದು ಸದ್ದು ಮಾಡುತ್ತಾ ಅಟ್ಟಿಸಿಕೊಂಡು ಬರುತ್ತಾರೆ.

ಮಾಟಗಾತಿ ಮೋಂಬಿಯ ದೃಶ್ಯ ಮಾತ್ರ ನನಗೇ ಆಗಲಿಲ್ಲ. ನಾವು ಸೀರೆ ಬದಲಿಸಿದ ಹಾಗೆ ಅವಳು ತಲೆ ಬದಲಿಸುತ್ತಾಳೆ. ಡೊರೊತಿ ಜೀವ ಕೊಡುವ ಪುಡಿ ಕದಿಯಲು ಹೋದಾಗ ಗಾಜಿನ ಬೀರುಗಳಲ್ಲಿದ್ದ ತಲೆಗಳೆಲ್ಲ ಒಟ್ಟಿಗೆ ಕಿರುಚುತ್ತವೆ, ತಲೆಯಿಲ್ಲದ ಮೈ ಎದ್ದು ಬರುತ್ತದೆ. ಮಗು ನನ್ನ ಸೆರಗೊಳಗೆ.

ಆದರೂ ಸಿನಿಮಾ ಚೆನ್ನಾಗಿದೆ. ಓಜ್ ಕಥೆಗಳ ಲೇಖಕ ಬಾಮ್ ಬರೆದ ಎರಡು ಪುಸ್ತಕ ಸೇರಿಸಿ ಮಾಡಿದ ಕಥೆ, ಅವುಗಳ ವಿಚಿತ್ರತನ ಇಲ್ಲಿ ಉಳಿದಿದೆ. ಕೀಲಿ ಕೊಟ್ಟರೆ ಮಾತ್ರ ಯೋಚಿಸುವ ಯಂತ್ರಮಾನವ ಟಿಕ್‌ಟಾಕ್ ನನಗಂತೂ ತುಂಬಾ ಇಷ್ಟವಾದ. ಡೊರೊತಿಯ ಪಾತ್ರ ಮಾಡಿದ ಫೈರೂಜಾ ಬಾಲ್ಕ್ ಪುಟ್ಟ ಹುಡುಗಿ, ಅತಿಯಾಗಿ ನಟಿಸುವುದೇ ಇಲ್ಲ. ಕೊನೆಯಲ್ಲಿ ಓಜನ್ನು ಹಾಳು ಮಾಡಿದ ನೋಮ್ ರಾಜ ಸಾಯೋದು ಕೋಳಿಮೊಟ್ಟೆಯಿಂದ, ಅಷ್ಟೊತ್ತಿಗೆ ಸೆರಗಿನಿಂದ ಹೊರಬಂದವಳು ಬಿದ್ದು ಬಿದ್ದು ನಕ್ಕಳು.

ಹತ್ತು ದಾಟಿದ ಮಕ್ಕಳಿಗೆ ತೋರಿಸಿ, ಅದೂ ಹಗಲು ಹೊತ್ತಲ್ಲಿ. ನಮ್ಮ ಮನೆಯಲ್ಲಿ ಬೀರುವಿನ ಬಾಗಿಲು ಈಗ ನಾನೇ ತೆಗೆಯಬೇಕು.